ಅಂಟಿನ ಆಚೆ

ಜೂನ್ 2, ಬೆಳಿಗ್ಗೆ 10

ಪೆಟ್ಟಿಗೆ ಗಾಳಿಗೆ ಇಟ್ಟಾಯಿತು. ಮಂಡಿ ಎಂದಿನಂತೆ ಕಟಕಟ. ಸೊಸೆ ಆಫೀಸಿಗೆ ಹೊರಡುವಾಗ ಕಿಟಕಿ ಭದ್ರ ಮಾಡಿ ಹೋಗಿದ್ದಳು — ಧೂಳಂತೆ. ಅವಳು ಮೂರು ಅಂತಸ್ತು ಇಳಿಯುವವರೆಗೆ ಕಾದು, ತೆಗೆದೆ.

ಎಳೆ ಬರೆದ ಕಾಗದದ ಪಟ್ಟಿಗಳನ್ನು ಮಂಚದ ಮೇಲೆ ಹಾಸಿ ಬ್ರಶ್ಶಿನಿಂದ ಒರೆಸಿದೆ. ಕಾಗದ ತಿನ್ನುವ ಬೆಳ್ಳಿಹುಳ ಎರಡು ಸಿಕ್ಕವು. ಸತ್ತವು. ಅಂದರೆ ಸಾಯಿಸಿದೆ.

ಮರೆಯುವ ಮುಂಚೆ ಬರೆದಿಡಬೇಕು ಅಂತ ಬಹಳ ದಿನದಿಂದ ಅಂದುಕೊಂಡದ್ದು. ಸೊಸೆಗೆ ಕಲಿಸೋಣ ಎಂದರೆ, “ಅತ್ತೆ, ನಂಗೆ ಆಫೀಸಿನ ಫೈಲೇ ಸಾಕು” ಎನ್ನುತ್ತಾಳೆ. ಎಳೆಬರಹ ನಮ್ಮ ಅಮ್ಮ ಕಲಿಸಿದ್ದು. ಶಾಲೆಯ ಮೂರನೇ ಕ್ಲಾಸಿನ ಬರಹ ಬೇರೆ, ಇದು ಬೇರೆ. ಇದರಲ್ಲಿ ನಾವು ಬರೆಯುವುದು ಒಂದೇ ಅಕ್ಷರ. ಮಗುವಿನ ಮೊದಲ ಸ್ನಾನದ ನೀರು ಒಂದು ಹನಿ, ದೀಪದ ಮಸಿ ಒಂದು ಚಿಟಿಕೆ. ಕಾಗದದ ಎಡತುದಿಗೆ ಒಂದು ಮೊಳಕೆ, ಅದೇ ಆ ಅಕ್ಷರ. ಉಳಿದದ್ದು ತಾನೇ ಬರೆದುಕೊಳ್ಳುತ್ತದೆ. ಆ ಮೊಳಕೆಯಿಂದ ಎಳೆ ಹೊರಟು ಮಗುವಿನ ಜೊತೆ ಬೆಳೆಯುತ್ತದೆ. ಜ್ವರ ಬಂದರೆ ಮುಳ್ಳು ಮುಳ್ಳು. ಬಿದ್ದರೆ ಗಂಟು. ಸುಳ್ಳು ಹೇಳಿದರೆ ಸಣ್ಣ ಸುರುಳಿ — ನನ್ನ ಮಗನ ಹದಿನಾರನೇ ವರ್ಷ ಪೂರ್ತಿ ಸುರುಳಿ. ದಿನಕ್ಕೆ ಇಷ್ಟೇ ಎಂಬ ಅಳತೆ ಇಲ್ಲ. ತುಂಬಿದ ದಿನ ಓಡುತ್ತದೆ, ಖಾಲಿ ದಿನ ಇದ್ದಲ್ಲೇ ತೂಕಡಿಸುತ್ತದೆ. ಒಟ್ಟಾರೆ ವರ್ಷಕ್ಕೆ ಒಂದು ಸೆಂಟಿಮೀಟರ್ ಅಂತ ಹಿಡಿಯಬಹುದು. ಒಬ್ಬರಿಗೆ ಒಂದೇ ಸಲ. ಎರಡನೇ ಸಲ ಬರೆದರೆ ಬರೀ ಮಸಿ.

ಕಡ್ಡಿಯ ಎಳೆ ನೋಡಿ ನಗು ಬಂತು. ಕಡ್ಡಿ ಎಂದರೆ ಮೊಮ್ಮಗಳು. ಹುಟ್ಟಿದಾಗಿನಿಂದ ಕಡ್ಡಿಯಂತೆಯೇ ಇದ್ದಾಳೆ, ಇಪ್ಪತ್ತೆರಡಾದರೂ ಮೈ ತುಂಬಿಲ್ಲ. ಹೋದ ತಿಂಗಳು ನದಿ ದಾಟಿಸುವ ಫೆರಿಯಲ್ಲಿ ಕೆಲಸಕ್ಕೆ ಸೇರಿದಳು, ಹಗ್ಗ ಕಟ್ಟುವ ಕೆಲಸ. ಆ ಒಂದೇ ತಿಂಗಳಲ್ಲಿ ನಾಲ್ಕು ಮಿಲಿಮೀಟರ್! ಸ್ಟೀಲ್ ಸ್ಕೇಲ್ ಇಟ್ಟು ಎರಡು ಸಲ ಅಳೆದೆ. ಮಸಿಯೂ ದಪ್ಪ, ಕರೀ ಹುಬ್ಬಿನ ಹಾಗೆ. ಈ ಪಟ್ಟಿ ಇನ್ನು ಹದಿನೇಳು ಮಿಲಿಮೀಟರ್ ಉಳಿದಿದೆ. ಆಮೇಲೆ ಅಂಟು. ಅಂಟಿನ ಆಚೆ ಎರಡು ಅಡಿ ಹೊಸ ಕಾಗದ ಜೋಡಿಸಿಯೇ ಇಟ್ಟಿದ್ದೇನೆ, ಅವಳು ಹುಟ್ಟಿದ ವಾರವೇ. ನಲವತ್ತೊಂಬತ್ತು ವರ್ಷ ಬೈಂಡಿಂಗ್ ಕಾರ್ಖಾನೆಯಲ್ಲಿ ದುಡಿದ ಕೈ. ನಾನು ಹಚ್ಚಿದ ಅಂಟು ಬಿಟ್ಟಿತು ಅಂತ ಒಬ್ಬ ಹೇಳಲಿ ನೋಡೋಣ.

ಈ ಪುಸ್ತಕವೂ ಅಲ್ಲಿಯದೇ. ಡಮ್ಮಿ. ದಪ್ಪ ಎಷ್ಟು ಬರುತ್ತದೆ ನೋಡಲು ಖಾಲಿ ಹಾಳೆ ಹಾಕಿ ಮಾಡುವ ಪುಸ್ತಕ. ಹೊಲಿದವಳು ನಾನೇ. ವಾರಕ್ಕೆ ಮೂರು ದಿನ ಈಗಲೂ ಹೊಲಿಗೆಗೆ ಹೋಗುತ್ತೇನೆ. ಮಗ ಅಲ್ಲೇ ಕಟಿಂಗ್ ಮೆಶಿನ್ನಿಗೆ.

ಜೂನ್ 11, ಮಧ್ಯಾಹ್ನ

ಮ್ಯಾನೇಜರ್ ಸತ್ತಿತು.

ಕಾರ್ಖಾನೆಯ ಬೆಕ್ಕು. ಒಂಬತ್ತು ವರ್ಷ. ರೋಗವಿಲ್ಲ ರುಜಿನವಿಲ್ಲ, ರದ್ದಿ ಕಾಗದದ ರಾಶಿಯ ಮೇಲೆ ಮಲಗಿದ್ದು ಏಳಲಿಲ್ಲ. ನಿಜವಾದ ಮ್ಯಾನೇಜರ್ ಬಂದು ನೋಡಿ, “ಅಯ್ಯೋ, ಪಾಪ” ಎಂದು ಒಳಗೆ ಹೋದ. ಹೊಲಿಗೆಯ ಹೆಂಗಸರು ಅತ್ತರು. ನನ್ನ ಮಗ ಹಿತ್ತಿಲಲ್ಲಿ ಗುಂಡಿ ತೋಡಿದ. “ಕೆಲಸ ಮಾಡ್ತಾ ಮಾಡ್ತಾ ಹೋಯ್ತಲ್ಲ ಅಮ್ಮ” ಎಂದ. “ಏನು ಕೆಲಸ? ಹತ್ತು ಗಂಟೆ ನಿದ್ದೆ, ಎರಡು ಗಂಟೆ ಕೊಬ್ಬು. ಥೇಟ್ ಮ್ಯಾನೇಜರ್” ಎಂದೆ. ನಕ್ಕರು.

ಅದಕ್ಕೂ ಒಂದು ಎಳೆ ಬರೆದಿದ್ದೆ, ತಮಾಷೆಗೆ. ಮರಿಯಾಗಿದ್ದಾಗ ಅಂಟಿನ ಬಕೆಟ್ಟಿಗೆ ಬಿದ್ದಿತ್ತು. ತೊಳೆದ ನೀರು ವ್ಯರ್ಥವಾಗಬಾರದಲ್ಲ.

ಜೂನ್ 11, ಸಂಜೆ 6

ಬೆಕ್ಕಿನ ಎಳೆ ತೆಗೆದು ನೋಡಿದೆ. ಅದೂ ಎರಡು ತುಂಡು ಜೋಡಿಸಿದ ಪಟ್ಟಿ, ಮೆಶಿನ್ನಿನ ಕೆಳಗೆ ಬಿದ್ದ ಕತ್ತರಿಕೆಗಳು.

ಎಳೆ ಜೋಡಣೆಯ ತನಕ ನೇರ ಬಂದಿದೆ. ಅಲ್ಲಿ ನಿಂತಿದೆ. ಮಗನ ಭೂತಗನ್ನಡಿ ಹಿಡಿದು ನೋಡಿದೆ. ನಿಂತಿಲ್ಲ... ತಿರುಗಿದೆ. ಅಂಟಿನ ಗೆರೆಯ ಗುಂಟ ಮೇಲಕ್ಕೆ ಹೋಗಿದೆ, ಅಂಚಿನವರೆಗೆ. ವಾಪಸ್ಸು ಕೆಳಕ್ಕೆ ಬಂದಿದೆ. ಮತ್ತೆ ಮೇಲಕ್ಕೆ. ನೀರು ಅಡ್ಡ ಬಂದ ಇರುವೆ ಓಡಾಡುವ ಹಾಗೆ. ಆಮೇಲೆ ಚುಕ್ಕಿ.

ಅಂಟಿನ ಆಚೆಯ ಕಾಗದ ಬಿಳಿ ಬಿಳಿ.

ಅಡುಗೆಮನೆಯಲ್ಲಿ ಸೊಸೆ ಏನೋ ಕೇಳಿದಳು. ಏನೆಂದೆನೋ ಗೊತ್ತಿಲ್ಲ.

ಜೂನ್ 12, ಬೆಳಿಗ್ಗೆ 5

ಬೆಕ್ಕು ತಾನೇ. ಒಂಬತ್ತು ವರ್ಷದ ಬೆಕ್ಕು ಸಾಯುವುದಿಲ್ಲವೇ.

ಅಮ್ಮ ಒಂದು ಮಾತು ಹೇಳುತ್ತಿದ್ದಳು: “ಕಾಗದ ಧಾರಾಳ ಇರಲಿ.” ಯಾಕೆ ಎಂದು ಹೇಳಲಿಲ್ಲ, ನಾನು ಕೇಳಲಿಲ್ಲ. ಮಗನಿಗೆ ಇಡೀ ರೋಲಿನ ಪಟ್ಟಿ, ಹದಿನಾರು ಅಡಿ. ನನಗೆ ಅಮ್ಮ ಬರೆದದ್ದು ಒಂದು ಬಟ್ಟೆ ಥಾನಿನ ಅಂಚಿನಷ್ಟು ಉದ್ದ — ನನ್ನ ಮುಂದೆ ಇನ್ನೂ ಎರಡು ಗಜ ಖಾಲಿ ಬಿದ್ದಿದೆ. ಕಡ್ಡಿಗೆ ಇಪ್ಪತ್ತನಾಲ್ಕು ಸೆಂಟಿಮೀಟರ್.

ಅವಳು ಹುಟ್ಟಿದ ದಿನ ಕೆಲಸದ ಮಧ್ಯೆ ಆಸ್ಪತ್ರೆಗೆ ಓಡಿದ್ದೆ. ಏಪ್ರನ್ ಜೇಬಿನಲ್ಲಿ ಆರ್ಟ್ ಪೇಪರಿನ ತುಂಡೊಂದಿತ್ತು. ಥಳಥಳ ಹೊಳೆಯುತ್ತಿತ್ತು. ಸಾಕು, ಆಮೇಲೆ ಜೋಡಿಸಿದರಾಯಿತು ಅಂದುಕೊಂಡೆ. ಜೋಡಿಸುವುದು ನನಗೆ ಕಷ್ಟವೇ?

ಜೂನ್ 14

ಅಳೆದೆ. ಹದಿನೈದು.

ಹನ್ನೆರಡು ದಿನದಲ್ಲಿ ಎರಡು. ಮೊದಲಿನ ವೇಗವಾಗಿದ್ದರೆ ಒಂದೂವರೆ ವರ್ಷ. ಈ ಫೆರಿಯ ವೇಗದಲ್ಲಿ... ಲೆಕ್ಕ ನನಗೆ ಬರುವುದಿಲ್ಲ ಎಂದು ಯಾರು ಹೇಳಿದರು. ಇದು ಬಂತು. ಮೂರು ತಿಂಗಳು.

ಜೂನ್ 17, ಮಧ್ಯಾಹ್ನ 1

ಅಂಟಣ್ಣನ ಹತ್ತಿರ ಕೇಳಿದೆ. ಕಾರ್ಖಾನೆಯಲ್ಲಿ ಅಂಟು ಕಾಯಿಸುವವನು. ನನಗಿಂತ ನಾಲ್ಕು ವರ್ಷ ಚಿಕ್ಕವನು, ನೋಡಲು ನನ್ನ ಅಜ್ಜ.

“ಎರಡು ಕಾಗದಾನ ಒಂದೇ ಕಾಗದ ಮಾಡೋದು ಹೇಗೋ?”

“ಐವತ್ತು ವರ್ಷದಿಂದ ಅದನ್ನೇ ಮಾಡ್ತಿರೋದಲ್ವಾ ಅಕ್ಕ.”

“ಅಂಟಿಲ್ಲದೆ.”

“ಅಂಟಿಲ್ಲದೆ ಆಗೋದಾದ್ರೆ ನಾನ್ಯಾಕೆ ಬೇಕು? ನನ್ನ ಕೆಲಸಕ್ಕೇ ಕಲ್ಲು ಹಾಕ್ತೀಯಾ?” ಎಂದು ನಕ್ಕ. ನಾನು ನಗಲಿಲ್ಲ ಎಂದು ಕಂಡು ಸೌಟು ಕೆಳಗಿಟ್ಟ. “ಆಗುತ್ತೆ. ಎರಡೂ ಅಂಚು ನೆನೆಸಬೇಕು. ನಾರು ಬಿಡಿಸಬೇಕು. ಆ ನಾರಿನೊಳಗೆ ಈ ನಾರು ಸೇರಿಸಿ ಒತ್ತಿ ಒಣಗಿಸಬೇಕು. ಆಗ ತಾನು ಎಲ್ಲಿ ಮುಗಿದೆ ಅಂತ ಕಾಗದಕ್ಕೇ ಗೊತ್ತಾಗಲ್ಲ.”

“ನೀರು ತಾಗಿಸೋ ಹಾಗಿಲ್ಲ.” ಎಳೆಯ ಮಸಿಗೆ ಹಿಡಿತಕ್ಕೆ ಗೋಂದು ಬೆರೆಸುವುದಿಲ್ಲ. ಹನಿ ಸೋಕಿದರೆ ಇಪ್ಪತ್ತೆರಡು ವರ್ಷ ಹರಡಿ ಹೋಗುತ್ತದೆ.

“ನೀರಿಲ್ಲದೆ, ಅಂಟಿಲ್ಲದೆ? ಚಾಕುವಿನಲ್ಲಿ ಅಂಚು ಹೆರೆದು ಹೆರೆದು ಈರುಳ್ಳಿ ಸಿಪ್ಪೆ ಮಾಡಿ, ಇನ್ನೊಂದರ ಮೇಲೆ ಕೂರಿಸಿ ಒತ್ತಿ ಹಿಡೀಬಹುದು. ಹಿಡಿದಷ್ಟು ಹೊತ್ತು ಒಂದೇ ಕಾಗದ. ಕೈ ಬಿಟ್ರೆ ಬಿಡ್ತು. ಏನಕ್ಕ ಅದು, ಅಷ್ಟು ಬೆಲೆಬಾಳೋ ಕಾಗದ?”

“ರದ್ದಿ” ಎಂದೆ.

ಜೂನ್ 18

ಮಗನಿಗೆ ಹೇಳಿದೆ. ಎಲ್ಲವನ್ನೂ. ತಟ್ಟೆ ಮುಂದಿಟ್ಟುಕೊಂಡು ಕೇಳಿದ. ಕೊನೆಗೆ — “ಅಮ್ಮ, ಕಾಗದ ತಾನೇ? ಗೋದಾಮಿನಲ್ಲಿ ನಾಲ್ಕು ಟನ್ ಇದೆ. ಎಷ್ಟು ಬೇಕು ಹೇಳು.”

ಇವನ ಹದಿನಾರು ಅಡಿಯನ್ನು ಸುತ್ತಿ ಇವನ ಬಾಯಿಗೆ ತುರುಕಬೇಕು ಅನ್ನಿಸಿತು. ಬೈಯಲು ಎದ್ದವಳು ಅವನ ತಟ್ಟೆಯನ್ನೇ ಕಿತ್ತುಕೊಂಡೆ. ಹೆದರಿದ. ಬಿ.ಪಿ. ಮಾತ್ರೆ ತಂದು ಕೊಟ್ಟ.

ಜೂನ್ 22, ಸಂಜೆ 7

ಕಡ್ಡಿ ಬಂದಳು. ಒದ್ದೆ ಬೂಟು ಬಾಗಿಲಲ್ಲಿ. ಮೈಯೆಲ್ಲ ಡೀಸೆಲ್ ವಾಸನೆ, ಅಂಗೈ ಚರ್ಮ ಕಿತ್ತಿದೆ, ಹಲ್ಲು ಮೂವತ್ತೆರಡೂ ಹೊರಗೆ.

“ಅಜ್ಜಿ, ಇವತ್ತು ಅಲೆ ನೋಡ್ಬೇಕಿತ್ತು ನೀನು! ಒಬ್ಬಳ ಬ್ಯಾಗು, ಒಬ್ಬನ ಟೋಪಿ, ಒಂದು ಸೈಕಲ್ಲು — ಎಲ್ಲಾ ನೀರಿಗೆ. ಸೈಕಲ್ಲು ಎತ್ತಿದ್ದು ನಾನು.”

“ಟೋಪಿ?”

“ಟೋಪಿ ಮೀನಿಗೆ. ಹಾರ್ನ್ ಕೇಳಿಸ್ತಾ?”

ಕೇಳಿಸುತ್ತದೆ. ಕಿಟಕಿಯಿಂದ ಎದುರಿನ ಎರಡು ಮಹಡಿಗಳ ಸಂದಿನಲ್ಲಿ ನದಿ ಒಂದು ಚೂರು ಕಾಣುತ್ತದೆ, ಹಾರ್ನು ಪೂರ್ತಿ ಕೇಳುತ್ತದೆ. ಹೊರಡುವಾಗ ಉದ್ದಕ್ಕೆ ಒಂದು. ಆಚೆ ದಡ ಮುಟ್ಟಿ ವಾಪಸ್ಸು ಬಂದು ಈಚೆ ಕಟ್ಟಿದಾಗ ಚಿಕ್ಕದಾಗಿ ಎರಡು. ಆ ಎರಡನ್ನು ಊದಲು ಕ್ಯಾಪ್ಟನ್ ಇವಳಿಗೆ ಬಿಡುತ್ತಾನಂತೆ.

“ಆ ಎರಡು ನಿಂಗೆ ಅಜ್ಜಿ. ಬಂದೆ, ಬಂದೆ — ಅಂತ.”

ಅವಳು ಸ್ನಾನಕ್ಕೆ ಹೋದಾಗ ಪೆಟ್ಟಿಗೆ ತೆಗೆದೆ. ಬೆಳಿಗ್ಗೆ ನೋಡಿದ್ದಕ್ಕಿಂತ ಮುಂದೆ ಬಂದಿತ್ತು. ಒಂದು ಸೈಕಲ್ಲಿಗೆ ಇಷ್ಟುದ್ದ.

ಜೂನ್ 24, ಬೆಳಿಗ್ಗೆ 8

ಹದಿಮೂರು.

ಖಾಲಿ ದಿನ ಇದ್ದಲ್ಲೇ ತೂಕಡಿಸುತ್ತದೆ. ನಾನೇ ಬರೆದಿದ್ದೇನಲ್ಲ ಮೇಲೆ.

ಜೂನ್ 24, ಮಧ್ಯಾಹ್ನ 12

ಅಡುಗೆಮನೆಯಲ್ಲಿ ಬಿದ್ದೆ.

ಬಿದ್ದೆ ಎಂದರೆ — ಮೊದಲು ಕುರ್ಚಿ ಹಿಡಿದು ಕೂತೆ, ಆಮೇಲೆ ಮಲಗಿದೆ, ಆಮೇಲೆ ಪಾತ್ರೆ ತಳ್ಳಿದೆ. ಪಕ್ಕದ ಮನೆಯವಳು ಓಡಿ ಬಂದಳು. ಡಾಕ್ಟರು ಮಂಡಿ ಒತ್ತಿ ನೋಡಿದರು, ನಾನು ಕೂಗಿದೆ. ಸುಳ್ಳೇನಲ್ಲ, ಅದು ಹೇಗೂ ನೋಯುತ್ತದೆ. ನನ್ನ ಎಳೆಯಲ್ಲಿ ಇವತ್ತು ಒಂದು ಸುರುಳಿ ಬಿದ್ದಿರುತ್ತದೆ. ಬೀಳಲಿ.

ಮಗನಿಗೆ ರಜೆ ಇಲ್ಲ. ಸೊಸೆಗೆ ಆಡಿಟ್. “ನಾನಿರ್ತೀನಿ ಬಿಡಿ” ಎಂದಳು ಕಡ್ಡಿ. ನಾನು ಗೋಡೆಯ ಕಡೆ ತಿರುಗಿ ಮಲಗಿದೆ.

ಜುಲೈ 1

ಒಂದು ಕೂದಲಿನಷ್ಟೂ ಹೋಗಿಲ್ಲ! ಹದಿಮೂರು ಹದಿಮೂರೇ. ಕಡ್ಡಿ ದಿನವಿಡೀ ನನ್ನ ಮಂಚದ ಪಕ್ಕ. ಔಷಧ, ಟೀ, ಟಿ.ವಿ. ಅದೇ ಸೀರಿಯಲ್ಲನ್ನು ಮಧ್ಯಾಹ್ನ ಮತ್ತೆ ಹಾಕುತ್ತಾರೆ, ಅದನ್ನೂ ನೋಡಿದೆವು. ನನಗೆ ಸೀರಿಯಲ್ ಕಂಡರಾಗದು. ಇನ್ನೂ ಎರಡು ನೋಡೋಣ ಎಂದೆ.

ಜುಲೈ 15

ಹದಿಮೂರಕ್ಕೆ ಒಂದು ಚೂರು ಕಡಿಮೆ. ಡಾಕ್ಟರು ನಡೆಯಬಹುದು ಎಂದರು. ನಾನು ಆಗುವುದಿಲ್ಲ ಎಂದೆ. ಕಡ್ಡಿ ಫೆರಿ ಆಫೀಸಿಗೆ ಫೋನ್ ಮಾಡಿ ಇನ್ನೂ ಎರಡು ವಾರ ಕೇಳಿದಳು. ಆ ಕಡೆಯವನು ಏನೋ ಜೋರು ಮಾಡಿದ. “ಸರಿ ಸರ್. ಗೊತ್ತು ಸರ್. ನಮ್ಮಜ್ಜಿ ಸರ್” ಎಂದಳು.

ಹಾರ್ನ್ ಆದಾಗಲೆಲ್ಲ ಕಿಟಕಿಯ ಕಡೆ ನೋಡುತ್ತಿದ್ದಳು ಮೊದಲ ವಾರ. ಈಗ ನೋಡುವುದಿಲ್ಲ.

ಜುಲೈ 29, ಬೆಳಿಗ್ಗೆ 11

ಹನ್ನೆರಡೂವರೆ. ಆದರೆ ಬೇರೆ ವಿಷಯ.

ಎಳೆ ಕಾಣಿಸಲಿಲ್ಲ. ನಿಂತೇ ಹೋಯಿತು ಅಂದುಕೊಂಡೆ. ಬೆಳಕಿಗೆ ಹಿಡಿದು, ಭೂತಗನ್ನಡಿ ಇಟ್ಟರೆ ಇದೆ — ಜೇಡನ ನೂಲಿನಷ್ಟು. ಮಸಿಯೇ ಇಲ್ಲ, ಬೂದಿ.

ಇದನ್ನು ನೋಡಿದ್ದೇನೆ ಮೊದಲು. ನನ್ನ ತಮ್ಮನ ಎಳೆ. ರೈಲ್ವೆಯಲ್ಲಿದ್ದ, ರಿಟೈರ್ ಆಗಿ ಈ ಮನೆಗೇ ಬಂದ. ಅದೇ ಬೆತ್ತದ ಕುರ್ಚಿಯಲ್ಲಿ ಗೋಡೆ ನೋಡಿಕೊಂಡು ಮೂರು ವರ್ಷ ಕೂತ. ಊಟ ಮಾಡುತ್ತಿದ್ದ, ನಿದ್ದೆ ಮಾಡುತ್ತಿದ್ದ, ರೋಗವೇನೂ ಇರಲಿಲ್ಲ. ಎಳೆ ಹೀಗೆಯೇ ಬೂದಿಯಾಯಿತು, ನೂಲಾಯಿತು, ಒಂದು ದಿನ ಇರಲಿಲ್ಲ, ಅವನೂ ಇರಲಿಲ್ಲ. ಮುಂದೆ ಮೂರು ಅಡಿ ಕಾಗದ ಖಾಲಿಯೇ ಬಿದ್ದಿತ್ತು.

ಕಡ್ಡಿ ಈಗ ಆ ಕುರ್ಚಿಯಲ್ಲೇ ಕೂತಿದ್ದಾಳೆ. ಕಾಲುಚೀಲ ಮಡಿಸುತ್ತಿದ್ದಾಳೆ. ಮಡಿಸಿದ್ದನ್ನೇ ಬಿಚ್ಚಿ ಮತ್ತೆ ಮಡಿಸುತ್ತಿದ್ದಾಳೆ.

ಓಡಿದರೆ ಅಂಚು. ಕೂತರೆ ಹೀಗೆ.

ಅಮ್ಮ, ಕಲಿಸಿದೆಯಲ್ಲ ಓದಲು. ಓದಿ ಏನು ಮಾಡಬೇಕು ಅಂತ ಹೇಳಿಕೊಡಲಿಲ್ಲವಲ್ಲ ನೀನು.

ಆಗಸ್ಟ್ 3, ಸಂಜೆ 5

ಮಂಚದಿಂದ ಎದ್ದೆ. ನಡೆದು ಹೋಗಿ ಪೆಟ್ಟಿಗೆ ತಂದೆ. ಕಡ್ಡಿ ಬಾಯಿ ಬಿಟ್ಟುಕೊಂಡು ನೋಡಿದಳು.

“ಅಜ್ಜಿ... ನಿನ್ನ ಮಂಡಿ?”

“ಚೆನ್ನಾಗಿದೆ. ಮೊದಲಿಂದ್ಲೂ ಚೆನ್ನಾಗೇ ಇದೆ. ಆಮೇಲೆ ಬೈಯುವೆಯಂತೆ. ಬಾ ಇಲ್ಲಿ.”

ಅವಳ ಎಳೆಯನ್ನು ಮೇಜಿನ ಮೇಲೆ ಹಾಸಿದೆ. ಇಷ್ಟು ವರ್ಷ ಯಾರಿಗೂ ಅವರವರದನ್ನು ತೋರಿಸಿದ್ದಿಲ್ಲ.

“ಇದೇನು, ಹುಳ ಹರಿದ ದಾರಿ ಥರ ಇದೆ” ಎಂದಳು.

“ಆ ಹುಳ ನೀನೇ.”

ಬೆರಳಿಟ್ಟು ಓದಿದೆ. ಇದು ಹಲ್ಲು ಬಂದದ್ದು. ಇದು ದಡಾರ. ಇದು ಅಪ್ಪನ ಚಪ್ಪಲಿಯನ್ನು ನೀನು ಅಡಗಿಸಿಟ್ಟ ವಾರ. ಇದು ಶಾಲೆಯ ನೀರಿನ ಟ್ಯಾಂಕಿನ ಮೇಲಿಂದ ಬಿದ್ದದ್ದು. “ಟ್ಯಾಂಕ್ ವಿಷಯ ಯಾರಿಗೂ ಹೇಳಿಲ್ವಲ್ಲ ನಾನು!” ಎಂದಳು. “ಮೆಟ್ಟಿಲಲ್ಲಿ ಜಾರಿದೆ ಅಂದಿದ್ದೆ. ಇಲ್ಲಿ ನೋಡು ಸುರುಳಿ” ಎಂದೆ. ನಗಲು ಶುರು ಮಾಡಿದವಳು ನಿಲ್ಲಿಸಿದಳು. ಕುರ್ಚಿ ಹತ್ತಿರ ಎಳೆದುಕೊಂಡಳು. ಇದು ಯಾವುದು, ಇದು ಯಾವುದು ಎಂದು ಒಂದೊಂದೇ ಕೇಳಿದಳು. ಮೇ ತಿಂಗಳಿಗೆ ಬಂದಾಗ ತಾನೇ ಬೆರಳಿಟ್ಟು, “ಇದು ಫೆರಿ” ಎಂದಳು. ಮೊದಲ ಸಲ ಅವಳೇ ಓದಿದ್ದು.

“ಮತ್ತೆ ಈ ಒಂದೂಕಾಲು ತಿಂಗಳು?”

ಭೂತಗನ್ನಡಿ ಕೊಟ್ಟೆ.

ತುಂಬ ಹೊತ್ತು ನೋಡಿದಳು. “ಇಷ್ಟೇನಾ?” ಎಂದಳು.

ಆಮೇಲೆ ಅಂಟಿನ ವಿಷಯ ಹೇಳಿದೆ. ಬೆಕ್ಕಿನದು ತೋರಿಸಿದೆ. ಯಾಕೆ ಬಿದ್ದೆ ಎಂಬುದನ್ನೂ. ಬೈಯುತ್ತಾಳೆ ಅಂತ ಕಾದೆ. ಬೈದಿದ್ದರೆ ಹಗುರಾಗುತ್ತಿತ್ತು. ಅವಳು ಪೆಟ್ಟಿಗೆಯೊಳಗೆ ನೋಡುತ್ತಿದ್ದಳು, ಅವಳಪ್ಪನ ಸುರುಳಿ ಸುತ್ತಿದ ಹದಿನಾರು ಅಡಿಯನ್ನು.

“ಅಪ್ಪಂಗೆ ರೋಲು. ನಂಗೆ ಚೂರು. ಯಾಕಜ್ಜಿ?”

“ಕೈಗೆ ಸಿಕ್ಕಿದ್ದು ಅದೇ ಇತ್ತು.”

“ಮೊಮ್ಮಗ ಹುಟ್ಟಿದ್ರೂ ಅದೇ ಸಿಗ್ತಿತ್ತಾ ಕೈಗೆ?”

“ಏನು ಮಾತು ಆಡ್ತೀಯೇ” ಎಂದೆ. ಅಲ್ಲ ಎಂದೆ. ಹೊಳೆಯುವ ಕಾಗದ, ಕೆಲಸದ ಮಧ್ಯೆ ಓಡಿ ಬಂದೆ, ಎಲ್ಲ ಹೇಳಿದೆ.

ಇಲ್ಲಿ ಯಾರೂ ಓದುವುದಿಲ್ಲ. ಇಲ್ಲಾದರೂ ಬರೆಯಬೇಕು. ಆ ದಿನ ರೋಲು ಸ್ಟೋರ್ ರೂಮಿನಲ್ಲಿತ್ತು, ಹದಿನೈದು ಹೆಜ್ಜೆ. ಮಗ ಹುಟ್ಟಿದಾಗ ನಾನು ಬಾಣಂತಿ, ಆದರೂ ಕಾರ್ಖಾನೆಗೆ ಆಳು ಕಳಿಸಿ ರೋಲು ತರಿಸಿದ್ದೆ. ಇವಳು ಹುಟ್ಟಿದಾಗ... ಹೆಣ್ಣು ಎಂದು ಫೋನ್ ಬಂತು. ಜೇಬಿಗೆ ಕೈ ಹಾಕಿದೆ. ಇದೇ ಸಾಕು ಅಂದುಕೊಂಡೆ. ಸಾಕು ಎಂಬ ಮಾತು ಎಲ್ಲಿಂದ ಬಂತು? ನಾನೂ ಹೆಣ್ಣೇ. ನಮ್ಮಮ್ಮ ನನಗೆ ಥಾನಿನುದ್ದ ಕೊಟ್ಟಿದ್ದಳು.

ಆಗಸ್ಟ್ 4, ಬೆಳಿಗ್ಗೆ 10

ಬೂಟು ಹಾಕಿಕೊಳ್ಳುತ್ತಿದ್ದಳು. ಬಾಗಿಲಿಗೆ ಅಡ್ಡ ನಿಂತೆ. ಇದೇ ಮಂಡಿಯಲ್ಲಿ.

“ಹೋಗಬೇಡವೇ” ಎಂದೆ.

“ಕುರ್ಚೀಲಿ ಕೂರಿಸಿ ಕಾಯ್ತೀಯಾ?”

ನನ್ನ ಬಾಯಿಗೆ ಊರೇ ಹೆದರುತ್ತದೆ. ಬಾಗಿಲ ಚಿಲಕ ಗಟ್ಟಿಯಾಗಿ ಹಿಡಿದುಕೊಂಡೆ.

“ನಂಗೆ ಇದು ಪೂರ್ತಿ ನಂಬಿಕೆ ಬಂತು ಅಂತಲ್ಲ” ಎಂದಳು. “ಆದ್ರೆ ಆ ಬೂದಿ ಬಣ್ಣ ನಂಗೆ ಗೊತ್ತು ಅಜ್ಜಿ. ಒಳಗಿಂದ ಗೊತ್ತಿತ್ತು.” ನನ್ನ ಭುಜ ಹಿಡಿದು ನಿಧಾನ ಪಕ್ಕಕ್ಕೆ ಸರಿಸಿದಳು, ಮನೆಯ ಸಾಮಾನು ಸರಿಸುವ ಹಾಗೆ.

ಒಂಬತ್ತಕ್ಕೆ ಹಾರ್ನ್, ಚಿಕ್ಕದಾಗಿ ಎರಡು.

ಹನ್ನೆರಡು ಮಿಲಿಮೀಟರ್.

ಆಗಸ್ಟ್ 20

ಎಂಟು. ಮಸಿ ಮತ್ತೆ ಕಪ್ಪು. ಹೊಳೆಯುವ ಕಪ್ಪು. ನೋಡಿ ಖುಷಿಯಾಗುತ್ತದೆ, ಆದ ತಕ್ಷಣ ಖುಷಿಗೆ ಹೊಡೆಯಬೇಕು ಅನ್ನಿಸುತ್ತದೆ.

ನನ್ನದರ ಎರಡು ಗಜ ಖಾಲಿ ನೋಡುತ್ತ ಕೂತಿದ್ದೆ. ಕತ್ತರಿಸಿ ಅವಳಿಗೆ ಕೊಡುವಂತಿದ್ದರೆ... ಕೊಟ್ಟರೂ ಮಧ್ಯೆ ಅಂಟು.

ಸೊಸೆ ಬಂದು ಪಕ್ಕ ಕೂತಳು. ಕಡ್ಡಿ ಏನು ಹೇಳಿದ್ದಾಳೋ ಗೊತ್ತಿಲ್ಲ. “ಅತ್ತೆ, ಆ ಅಕ್ಷರ ಬರೆಯೋದು ನನಗೂ ಹೇಳಿಕೊಡಿ” ಎಂದಳು. “ಈಗ್ಯಾಕೆ?” ಎಂದೆ. “ಸುಮ್ಮನೆ” ಎಂದಳು. ಕಣ್ಣು ಒರೆಸಿಕೊಂಡು ಕಿಟಕಿ ಅವಳೇ ತೆಗೆದಳು.

ಆಗಸ್ಟ್ 30

ನಾಲ್ಕು. ಇವತ್ತು ಕ್ಯಾಪ್ಟನ್ ಚುಕ್ಕಾಣಿ ಕೊಟ್ಟನಂತೆ ಅವಳ ಕೈಗೆ. ಆಚೆ ದಡದಿಂದ ಈಚೆ ದಡದವರೆಗೆ ಪೂರ್ತಿ. ತಟ್ಟೆಯ ಮೇಲೆ ಚಮಚ ತಿರುಗಿಸಿ ತೋರಿಸಿದಳು ಹೇಗೆ ಅಂತ. ಎಲ್ಲರಿಗೂ ಸಾರು ಸಿಡಿಯಿತು. ಮಗ ನಕ್ಕ. ಎದ್ದು ಕೈ ತೊಳೆಯಲು ಹೋದವನು ಬಹಳ ಹೊತ್ತು ನಲ್ಲಿ ಬಿಟ್ಟುಕೊಂಡೇ ನಿಂತಿದ್ದ. ಅವನೂ ಅಳೆದು ನೋಡುತ್ತಾನೆ, ನನಗೆ ಗೊತ್ತಾಗದಂತೆ. ಸ್ಕೇಲ್ ಇಟ್ಟ ಜಾಗದಲ್ಲಿ ಇರುವುದಿಲ್ಲ.

ಸೆಪ್ಟೆಂಬರ್ 6, ಮಧ್ಯಾಹ್ನ 2

ಒಂದೂವರೆ.

ಹಳೆಯ ಜೋಡಣೆಯನ್ನು ಕತ್ತರಿಸಿ ತೆಗೆದೆ. ನನ್ನ ಕೈಯಾರೆ ಹಚ್ಚಿದ ಅಂಟು, ಇಪ್ಪತ್ತೆರಡು ವರ್ಷ ಒಂದು ಕಡೆಯೂ ಬಿಟ್ಟಿರಲಿಲ್ಲ. ಎಷ್ಟು ಹೆಮ್ಮೆ ಇತ್ತು.

ಅಂಟಣ್ಣ ಚಾಕು ಮಸೆದು ಕೊಟ್ಟ. ಚರ್ಮ ಹೆರೆಯುವ ಹಾಗೆ ಅಂಚನ್ನು ಹೆರೆದೆ, ಹಿಂಬದಿಯಿಂದ. ಮೂರು ಗಂಟೆ ಹಿಡಿಯಿತು. ಕೈ ಸೋತಾಗ ನಿಲ್ಲಿಸಿ, ಚಾಕು ಒರೆಸಿ, ಮತ್ತೆ. ಈಗ ಅಂಚು ಎಲ್ಲಿದೆ ಎಂದು ಬೆರಳಿಗೆ ಸಿಗುವುದಿಲ್ಲ.

ಯಾವ ಕಾಗದದ ಮೇಲೆ ಕೂರಿಸುವುದು? ಈ ಪುಸ್ತಕ. ಅಂಟಿಲ್ಲದ ಪುಸ್ತಕ, ಬರೀ ಹೊಲಿಗೆ. ಹಾಳೆ ಮಡಿಸಿ ಹೊಲಿದದ್ದು, ಈ ಪುಟ ಬೆನ್ನು ದಾಟಿ ಆಚೆ ಪುಟವಾಗುತ್ತದೆ, ಮಧ್ಯೆ ಎಲ್ಲೂ ಕಡಿದಿಲ್ಲ. ಖಾಲಿ ಬೇಕಾದಷ್ಟಿದೆ. ನಾನು ಬರೆಯುವುದನ್ನು ನಿಲ್ಲಿಸಿದರೆ ಇನ್ನೂ ಹೆಚ್ಚು.

ಆಗುತ್ತದೆ ಎಂದು ಹೇಳುತ್ತಿಲ್ಲ. ಅಮ್ಮ ಇದನ್ನು ಹೇಳಿಕೊಟ್ಟಿಲ್ಲ.

ಸೆಪ್ಟೆಂಬರ್ 9, ಮಧ್ಯಾಹ್ನ 3

ಗಾಳಿ. ಬೆಳಿಗ್ಗೆಯಿಂದ. ಎದುರು ಮಹಡಿಯ ಬಟ್ಟೆಗಳೆಲ್ಲ ತಂತಿಗೆ ಸುತ್ತಿಕೊಂಡಿವೆ. ಕಾರ್ಖಾನೆಗೆ ಹೋಗಲಿಲ್ಲ.

ಎರಡೂವರೆಗೆ ಉದ್ದ ಹಾರ್ನ್ ಆಯಿತು. ಹೊರಟಿತು. ಹೋಗಿ ಬರಲು ಐವತ್ತು ನಿಮಿಷ.

ಎಳೆ ಅಂಚಿಗೆ ಒಂದು ಕೂದಲು ಹಿಂದೆ. ಪಟ್ಟಿಯನ್ನು ಈ ಪುಟದ ಮೇಲೆ, ಎಡಕ್ಕೆ ಇಟ್ಟಿದ್ದೇನೆ. ಹೆರೆದ ಅಂಚಿನ ಮೇಲೆ ಎಡಗೈ ಹೆಬ್ಬೆರಳು. ಒತ್ತಿ ಹಿಡಿದಿದ್ದೇನೆ. ಬಲಗೈಯಲ್ಲಿ ಬರೆಯುತ್ತಿರುವುದು. ಬರೆಯದೆ ಸುಮ್ಮನೆ ಹಿಡಿದುಕೊಂಡರೆ ಕಣ್ಣು ಗಡಿಯಾರಕ್ಕೇ ಹೋಗುತ್ತದೆ.

3-10

ಇಷ್ಟು ಬೇಗ ಓಡುವುದನ್ನು ಕಣ್ಣಾರೆ ನೋಡಿದ್ದೇ ಇಲ್ಲ. ಎಳೆ ಚಲಿಸುತ್ತಿದೆ. ಗಡಿಯಾರದ ದೊಡ್ಡ ಮುಳ್ಳಿನ ಹಾಗೆ. ದಪ್ಪ ಕಪ್ಪು. ಗಂಟು ಒಂದು. ಮತ್ತೆ ನೇರ.

ನದಿಯ ಚೂರಿನಲ್ಲಿ ಬಿಳಿ ನೊರೆ ಬಿಟ್ಟರೆ ಏನೂ ಕಾಣುವುದಿಲ್ಲ.

3-16

ಹೆಬ್ಬೆರಳಿನ ಕೆಳಗೆ ಹೋಯಿತು.

ಈಗ ಕಾಣುವುದಿಲ್ಲ. ದಾಟಿತೋ, ಗೆರೆಯ ಗುಂಟ ಮೇಲೆ ಕೆಳಗೆ ಓಡಾಡುತ್ತಿದೆಯೋ. ಬೆರಳು ತೆಗೆದರೆ ತಿಳಿಯುತ್ತದೆ. ತೆಗೆದರೆ ಅಂಚು ಬಿಡುತ್ತದೆ.

ಉಗುರು ಬೆಳ್ಳಗಾಗಿದೆ. ಕಡ್ಡಿ, ಹದಿನೈದು ಹೆಜ್ಜೆ ಕಣೇ. ಹದಿನೈದೇ ಹೆಜ್ಜೆ ಇತ್ತು ಆ ರೂಮಿಗೆ.

3-20. ಬರಬೇಕಿತ್ತು.

3-27. ಬಂದಿಲ್ಲ. ಬೆರಳಿನ ಈಚೆಗೂ ಏನೂ ಬಂದಿಲ್ಲ. ಪುಟ ಬಿಳಿ. ಕೈ ಜೋಮು ಹಿಡಿದಿದೆ, ಒತ್ತಿದ್ದೇನೋ ಇಲ್ಲವೋ ನನಗೇ ಗೊತ್ತಾಗುತ್ತಿಲ್ಲ. ಸೊಸೆ ಬಾಗಿಲು ತೆಗೆದಳು. ಆಫೀಸು ಬಿಟ್ಟು ಬಂದಿದ್ದಾಳೆ. ಚಪ್ಪಲಿ ಕಳಚದೆ ಬಂದು ನನ್ನ ಬೆರಳಿನ ಮೇಲೆ ತನ್ನ ಬೆರಳಿಟ್ಟು ಒತ್ತಿದಳು.

3-34

ಹಾರ್ನ್. ಚಿಕ್ಕದು.

ಒಂದು.

ಇನ್ನೊಂದೂ. ಬಂದೆ, ಬಂದೆ —